ಕಳುವಾದದ್ದು ಎರಡನೆಯ ವಾರ

ವಿಜಯಪುರ ಜಿಲ್ಲೆಯ ತಿಕೋಟಾ, ಬಬಲೇಶ್ವರ ಸೀಮೆಯ ದ್ರಾಕ್ಷಿ ಬೆಳೆಗಾರನಿಗೆ ವರ್ಷದ ಎಲ್ಲ ದಿನಗಳೂ ಒಂದೇ ತೂಕದವಲ್ಲ. ಗೊನೆ ಹಣ್ಣಾಗಿ ಕತ್ತರಿಗೆ ಬಂದ ಮೇಲೆ ಅವನ ಕೈಯಲ್ಲಿ ಉಳಿಯುವುದು ಬೆರಳೆಣಿಕೆಯ ದಿನ. ಆ ದಿನಗಳಲ್ಲಿ ವ್ಯಾಪಾರಿ ತೋಟಕ್ಕೆ ಬಂದರೆ ಹಸಿ ಹಣ್ಣಿನ ದರ ಸಿಗುತ್ತದೆ. ಬಾರದಿದ್ದರೆ ಹಣ್ಣು ಶೆಡ್ಡಿಗೆ ಹೋಗಿ, ಬಲೆಯ ಅಟ್ಟಗಳ ಮೇಲೆ ಸುಮಾರು ಎರಡು ವಾರ ನೆರಳಿನಲ್ಲಿ ಒಣಗಿ, ಒಣದ್ರಾಕ್ಷಿಯಾಗಿ ಕೋಲ್ಡ್ ಸ್ಟೋರೇಜ್ ಸೇರಬೇಕು. ಕತ್ತರಿಗೆ ಬಂದ ವಾರದಲ್ಲೇ ಮಳೆ ಹನಿದರೆ ವರ್ಷದ ದುಡಿಮೆ ನಾಲ್ಕು ದಿನದಲ್ಲಿ ಮಣ್ಣು ಮುಕ್ಕುತ್ತದೆ. ಸಿನಿಮಾದ ವ್ಯಾಪಾರವೂ ಇದೇ ಜಾತಿಯದು. ಎರಡು ಮೂರು ವರ್ಷ ಬೆವರು ಸುರಿಸಿ ಮಾಡಿದ ಚಿತ್ರ ಚಿತ್ರಮಂದಿರದಲ್ಲಿ ದುಡಿಯುವುದು ಎರಡು ಮೂರು ವಾರ. ಅದು ಹಸಿ ಹಣ್ಣಿನ ಕಾಲ. ಆಮೇಲೆ ಟಿ.ವಿ. ಹಕ್ಕು, ಒಟಿಟಿ ಹಕ್ಕು ಎಂಬ ಒಣದ್ರಾಕ್ಷಿಯ ಕಾಲ. ಆನ್‌ಲೈನ್ ಪೈರಸಿಯ ಬಗ್ಗೆ ನಾವು ಆಡುವ ಮಾತೆಲ್ಲ ಎಷ್ಟು ಸಾವಿರ ಕೋಟಿ ಹೋಯಿತು ಎಂಬ ಲೆಕ್ಕದಲ್ಲೇ ಸುತ್ತುತ್ತದೆ. ಕನ್ನಡದಂಥ ಭಾಷೆಯ ಚಿತ್ರರಂಗದಲ್ಲಿ ಕಳ್ಳ ಒಯ್ಯುತ್ತಿರುವುದು ಹಣಕ್ಕಿಂತ ಮೊದಲು ಹೊತ್ತನ್ನು. ಇನ್ನೂ ಸ್ಪಷ್ಟವಾಗಿ ಹೇಳುವುದಾದರೆ, ಚಿತ್ರವೊಂದರ ಎರಡನೆಯ ವಾರವನ್ನು. ಈ ಒಂದು ಮಾತನ್ನು ಒಪ್ಪಿಕೊಂಡರೆ ಪೈರಸಿಯಿಂದ ಯಾರಿಗೆ ಪೆಟ್ಟು, ಕಾನೂನು ಎಲ್ಲಿ ಸೋಲುತ್ತಿದೆ, ನೋಡುಗ ಏನು ಮಾಡಬಹುದು ಎಂಬ ಮೂರೂ ಪ್ರಶ್ನೆಗಳಿಗೆ ಉತ್ತರ ಬೇರೆಯಾಗುತ್ತದೆ.

ಸಿ.ಡಿ. ಗಾಡಿಯಿಂದ ಲಿಂಕಿನವರೆಗೆ

ಕಳ್ಳಪ್ರತಿ ಹೊಸದೇನಲ್ಲ. ವಿಡಿಯೊ ಕ್ಯಾಸೆಟ್ಟಿನ ಕಾಲದಲ್ಲೂ ಇತ್ತು, 2000ರ ಆಸುಪಾಸಿನಲ್ಲಿ ಬಸ್ ಸ್ಟ್ಯಾಂಡುಗಳ ಮಗ್ಗುಲಲ್ಲಿ ನಿಲ್ಲುತ್ತಿದ್ದ ಸಿ.ಡಿ. ಗಾಡಿಗಳ ಮೇಲೂ ಇತ್ತು. ಅದಕ್ಕೊಂದು ಕಾರಣವೂ ಇತ್ತು. ರೀಲಿನ ದಿನಗಳಲ್ಲಿ ಒಂದು ಪ್ರಿಂಟಿಗೆ ತಗಲುವ ಖರ್ಚು ದೊಡ್ಡದು, ಪ್ರಿಂಟುಗಳ ಸಂಖ್ಯೆ ಚಿಕ್ಕದು. ಬೆಂಗಳೂರಿನ ಗಾಂಧಿನಗರದಲ್ಲಿ ಬಿಡುಗಡೆಯಾದ ಚಿತ್ರ ಊರೂರು ಸುತ್ತಿ, ಗೀರು ಬಿದ್ದ ಪೆಟ್ಟಿಗೆಯಾಗಿ ಉತ್ತರದ ಊರುಗಳಿಗೆ ಬರುವಷ್ಟರಲ್ಲಿ ಹಾಡುಗಳು ಹಳೆಯವಾಗಿರುತ್ತಿದ್ದವು. ಸಣ್ಣ ಊರಿನ ನೋಡುಗನ ಕಾಯುವಿಕೆಯೇ ಸಿ.ಡಿ. ವ್ಯಾಪಾರಿಯ ಬಂಡವಾಳ. ಉಪಗ್ರಹದ ಮೂಲಕ ಚಿತ್ರ ಕಳಿಸುವ ಡಿಜಿಟಲ್ ಪ್ರೊಜೆಕ್ಷನ್ ಬಂದ ಮೇಲೆ ಈ ಅಂತರ ಮುಚ್ಚಿತು. ಬೆಂಗಳೂರಿನಲ್ಲಿ ಬೆಳಿಗ್ಗೆ ತೆರೆ ಕಂಡ ಚಿತ್ರ ಅದೇ ಹೊತ್ತಿಗೆ ವಿಜಯಪುರದಲ್ಲೂ ತೆರೆ ಕಾಣತೊಡಗಿತು. ಆದರೆ ಕಳ್ಳನೂ ಸುಮ್ಮನೆ ಕೂರಲಿಲ್ಲ. ಸಿ.ಡಿ. ಹೋಗಿ, ಮೊಬೈಲ್ ಅಂಗಡಿಯಲ್ಲಿ ಹತ್ತಿಪ್ಪತ್ತು ರೂಪಾಯಿಗೆ ಮೆಮೊರಿ ಕಾರ್ಡು ತುಂಬಿಸಿಕೊಡುವ ಕಾಲ ಬಂತು. 2016ರ ಸೆಪ್ಟೆಂಬರಿನಲ್ಲಿ ಜಿಯೊ ಬಂದು ಡೇಟಾ ನೀರಿನಷ್ಟು ಅಗ್ಗವಾದ ಮೇಲೆ ಆ ಅಂಗಡಿಯೂ ಬೇಡವಾಯಿತು. ಈಗ ಎರಡು ಜಿ.ಬಿ.ಯ ಕಡತವನ್ನು ಒಂದೇ ಏಟಿಗೆ ಹಾಕಲು ಬಿಡುವ ಟೆಲಿಗ್ರಾಮ್ ಚಾನೆಲ್ಲುಗಳಿವೆ, ಹೆಸರಿನ ಬಾಲ ಬದಲಿಸುತ್ತ ಮರುಹುಟ್ಟು ಪಡೆಯುವ ಜಾಲತಾಣಗಳಿವೆ. “ಪಿಚ್ಚರ್ ಬಂದೈತೇನು? ಲಿಂಕ್ ಹಾಕ್ರಿ” ಎಂಬ ಒಂದು ಸಾಲಿಗೆ ಶುಕ್ರವಾರ ಸಂಜೆಯೊಳಗೆ ಉತ್ತರ ಸಿಗುತ್ತದೆ. ಚಿತ್ರಮಂದಿರ ವಾರಗಳ ಅಂತರವನ್ನು ಶೂನ್ಯಕ್ಕೆ ಇಳಿಸಿತು, ಕಳ್ಳ ತನ್ನ ಅಂತರವನ್ನು ಗಂಟೆಗಳಿಗೆ ಇಳಿಸಿದ. ಪೊಲೀಸರು ನುಗ್ಗಿ ಹಿಡಿಯಲು ಸಿ.ಡಿ. ಗಾಡಿಗೆ ಒಂದು ಜಾಗವಿತ್ತು. ಲಿಂಕಿಗೆ ಜಾಗವಿಲ್ಲ, ಅದನ್ನು ಸಾಗಿಸುವ ಗಾಡಿ ನಮ್ಮ ನಿಮ್ಮ ಅಂಗೈಯಲ್ಲಿದೆ.

ಕೋಟಿಗಳ ಲೆಕ್ಕವೂ ಅದರ ಮಿತಿಯೂ

ನಷ್ಟವೆಷ್ಟು ಎಂದು ಕೇಳಿದರೆ ದೊಡ್ಡ ಅಂಕಿಗಳು ಸಿದ್ಧವಾಗಿವೆ. ಸಿನಿಮಾಟೊಗ್ರಾಫ್ ತಿದ್ದುಪಡಿ ಮಸೂದೆ ಸಂಸತ್ತಿನ ಮುಂದೆ ಬಂದ 2023ರಲ್ಲಿ ಕೇಂದ್ರ ಸರಕಾರ ವರ್ಷಕ್ಕೆ 20,000 ಕೋಟಿ ರೂಪಾಯಿ ನಷ್ಟವೆಂದಿತು. ಇಂಟರ್ನೆಟ್ ಆಂಡ್ ಮೊಬೈಲ್ ಅಸೋಸಿಯೇಷನ್ ಮತ್ತು ಇವೈ ಸಂಸ್ಥೆ 2024ರಲ್ಲಿ ಹೊರತಂದ ವರದಿಯ ಪ್ರಕಾರ 2023ರಲ್ಲಿ ಭಾರತದ ಪೈರಸಿ ವಹಿವಾಟು 22,400 ಕೋಟಿ. ಅದರಲ್ಲಿ 13,700 ಕೋಟಿ ಚಿತ್ರಮಂದಿರದ ಚಿತ್ರಗಳದು, ಉಳಿದ 8,700 ಕೋಟಿ ಒಟಿಟಿಯದು. ನೋಡುಗರಲ್ಲಿ ನೂರಕ್ಕೆ 51 ಮಂದಿ ಒಂದಲ್ಲ ಒಂದು ಬಗೆಯಲ್ಲಿ ಕಳ್ಳಪ್ರತಿ ನೋಡುತ್ತಾರೆಂದೂ ಅದು ಹೇಳಿತು. ಈ ಅಂಕಿಗಳನ್ನು ಎತ್ತಿ ಹಿಡಿದು ಅಬ್ಬರಿಸುವುದು ಸುಲಭ. ಆದರೆ ಪುಕ್ಕಟೆ ನೋಡಿದವರೆಲ್ಲ ಪುಕ್ಕಟೆ ಸಿಗದಿದ್ದರೆ ಟಿಕೆಟ್ ಕೊಳ್ಳುತ್ತಿದ್ದರೇ ಎಂಬ ಪ್ರಶ್ನೆ ಇಂಥ ಯಾವ ಅಂದಾಜಿನ ಬೆನ್ನನ್ನೂ ಬಿಡುವುದಿಲ್ಲ. ಯುರೋಪಿಯನ್ ಕಮಿಷನ್ ಮಾಡಿಸಿ 2017ರಲ್ಲಿ ಬೆಳಕಿಗೆ ಬಂದ ಅಧ್ಯಯನ ಈ ಪ್ರಶ್ನೆಯನ್ನೇ ಕೆದಕಿತ್ತು. ಸಂಗೀತ, ಪುಸ್ತಕ, ಆಟಗಳ ಮಾರಾಟಕ್ಕೆ ಪೈರಸಿಯಿಂದ ಧಕ್ಕೆಯಾಗಿದೆ ಎನ್ನಲು ಗಟ್ಟಿ ಸಾಕ್ಷ್ಯ ಅದಕ್ಕೆ ಸಿಗಲಿಲ್ಲ. ಒಂದು ಕಡೆ ಮಾತ್ರ ಪೆಟ್ಟು ಎದ್ದು ಕಂಡಿತು: ಆಗಷ್ಟೇ ಬಿಡುಗಡೆಯಾದ ಜನಪ್ರಿಯ ಚಿತ್ರಗಳಲ್ಲಿ. ಅಂಥ ಹತ್ತು ಚಿತ್ರಗಳನ್ನು ಕದ್ದು ನೋಡಿದರೆ ನಾಲ್ಕು ನ್ಯಾಯದ ವೀಕ್ಷಣೆ ಕಡಿಮೆಯಾಗುತ್ತಿತ್ತು. ಅಮೆರಿಕದ ಕಾರ್ನೆಗಿ ಮೆಲನ್ ವಿಶ್ವವಿದ್ಯಾಲಯದ ಸಂಶೋಧಕರು 2014ರಲ್ಲಿ ಪ್ರಕಟಿಸಿದ ಅಧ್ಯಯನ ಇನ್ನೊಂದು ಹೆಜ್ಜೆ ಮುಂದೆ ಹೋಯಿತು. ಬಿಡುಗಡೆಗೆ ಮುನ್ನವೇ ಸೋರಿಹೋದ ಚಿತ್ರದ ಗಳಿಕೆ, ಬಿಡುಗಡೆಯ ನಂತರ ಸೋರಿದ ಚಿತ್ರಕ್ಕೆ ಹೋಲಿಸಿದರೆ, ಶೇ 19ರಷ್ಟು ಕುಸಿಯುತ್ತದೆ ಎಂದು ಅದು ತೋರಿಸಿತು. ಎರಡೂ ಅಧ್ಯಯನಗಳನ್ನು ಪಕ್ಕಪಕ್ಕ ಇಟ್ಟು ಓದಿದರೆ ಕಾಣುವ ಸತ್ಯ ಒಂದೇ. ಅದೇ ಕಳ್ಳಪ್ರತಿ ವರ್ಷದ ನಂತರ ಹರಿದಾಡಿದರೆ ನಷ್ಟ ಅಷ್ಟಕ್ಕಷ್ಟೇ. ಹಸಿ ಹಣ್ಣಿನ ದಿನಗಳಲ್ಲಿ ಹರಿದಾಡಿದರೆ ಅದು ಆಲಿಕಲ್ಲಿನ ಮಳೆ.

ಬಾಯಿ ಮಾತಿಗೆ ಬೇಕಾದ ಹದಿನೈದು ದಿನ

ಈ ಮಾತು ಕನ್ನಡಕ್ಕೆ ಏಕೆ ಹೆಚ್ಚು ಅನ್ವಯವಾಗುತ್ತದೆ? 2011ರ ಜನಗಣತಿಯಲ್ಲಿ ಹಿಂದಿಯನ್ನು ತಾಯ್ನುಡಿಯೆಂದು ಬರೆಸಿದವರು ಸುಮಾರು 52.8 ಕೋಟಿ, ಮರಾಠಿ 8.3 ಕೋಟಿ, ತೆಲುಗು 8.1 ಕೋಟಿ, ತಮಿಳು 6.9 ಕೋಟಿ. ಕನ್ನಡ 4.37 ಕೋಟಿ. ಹೀಗೆ ಚಿಕ್ಕ ಹೊಲದಲ್ಲಿ ವರ್ಷಕ್ಕೆ ಇನ್ನೂರರ ಆಸುಪಾಸು ಚಿತ್ರಗಳು ಬೆಳೆಯಬೇಕು. ಅದರಲ್ಲೂ ವಿಜಯಪುರ ಗಡಿಯ ಊರು. ಸೊಲ್ಲಾಪುರ ನೂರು ಕಿಲೋಮೀಟರಿನಷ್ಟು ದೂರದಲ್ಲಿದೆ, ಹಿಂದಿ ಇಲ್ಲಿಯ ಬಜಾರಿನ ಭಾಷೆಗಳಲ್ಲೊಂದು, ತೆಲುಗಿನ ದೊಡ್ಡ ಚಿತ್ರಗಳಿಗೂ ಇಲ್ಲಿ ಅಭಿಮಾನಿಗಳಿದ್ದಾರೆ. ಇರುವ ಕೆಲವೇ ಪರದೆಗಳಿಗೆ ಪ್ರತಿ ಶುಕ್ರವಾರ ನಾಲ್ಕಾರು ಭಾಷೆಗಳ ನೂಕುನುಗ್ಗಲು. ಇಂಥಲ್ಲಿ ದೊಡ್ಡ ತಾರೆಯಿಲ್ಲದ ಕನ್ನಡ ಚಿತ್ರಕ್ಕೆ ಜಾಹೀರಾತಿನ ಬಲವಿಲ್ಲ, ಕಟೌಟಿನ ಬಲವಿಲ್ಲ. ಅದಕ್ಕಿರುವ ಒಂದೇ ಬಂಡವಾಳ ಬಾಯಿ ಮಾತು. ಶುಕ್ರವಾರ ನೋಡಿದ ನಾಲ್ಕು ಮಂದಿ ಸೋಮವಾರ ಆಫೀಸಿನಲ್ಲಿ, ಕಾಲೇಜಿನಲ್ಲಿ, ಸಂತೆಯಲ್ಲಿ ಹೇಳಬೇಕು. ಕೇಳಿದವರು ಮುಂದಿನ ಶನಿವಾರ ಮನೆಮಂದಿಯನ್ನು ಕರೆದುಕೊಂಡು ಬರಬೇಕು. ಬಾಯಿ ಮಾತು ಕಾಲ್ನಡಿಗೆಯಲ್ಲಿ ಬರುತ್ತದೆ, ಅದಕ್ಕೆ ಎರಡು ವಾರ ಬೇಕು.

ಕನ್ನಡ ಚಿತ್ರರಂಗದ ಇತ್ತೀಚಿನ ಚರಿತ್ರೆಯೇ ಇದಕ್ಕೆ ಸಾಕ್ಷಿ. 2006ರ ಡಿಸೆಂಬರ್ 29ರಂದು ತೆರೆ ಕಂಡ ‘ಮುಂಗಾರು ಮಳೆ’ ದೊಡ್ಡ ಹೆಸರುಗಳಿಲ್ಲದೆ ಬಂದು, ಬೆಂಗಳೂರಿನ ಮಲ್ಟಿಪ್ಲೆಕ್ಸಿನಲ್ಲಿ ಒಂದು ವರ್ಷಕ್ಕೂ ಹೆಚ್ಚು ಕಾಲ ಓಡಿತು. 2015ರ ಜುಲೈ 3ರಂದು ಬಂದ ‘ರಂಗಿತರಂಗ’ ಹೊಸಬರದೇ ಚಿತ್ರ. ಒಂದು ವಾರಕ್ಕೆ ‘ಬಾಹುಬಲಿ’, ಅದರ ಮರುವಾರ ‘ಬಜರಂಗಿ ಭಾಯಿಜಾನ್’ ಬಂದಾಗ ತುಂಬುತ್ತಿದ್ದ ಚಿತ್ರವನ್ನೇ ಮಲ್ಟಿಪ್ಲೆಕ್ಸುಗಳು ಬದಿಗೆ ಸರಿಸಿದವು. ಪ್ರೇಕ್ಷಕರು ಗದ್ದಲವೆಬ್ಬಿಸಿದ್ದರಿಂದ ಅದು ಉಳಿಯಿತು, ಉಳಿದದ್ದರಿಂದ ಗೆದ್ದಿತು. 2022ರ ಸೆಪ್ಟೆಂಬರ್ 30ರಂದು ಕನ್ನಡದಲ್ಲಷ್ಟೇ ಬಂದ ‘ಕಾಂತಾರ’ದ ಹಿಂದಿ ಅವತರಣಿಕೆ ಬಿಡುಗಡೆಯಾದದ್ದು ಅಕ್ಟೋಬರ್ 14ಕ್ಕೆ. ಸರಿಯಾಗಿ ಎರಡು ವಾರ. ಆ ಎರಡು ವಾರದ ಬಾಯಿ ಮಾತೇ ಅದನ್ನು ದೇಶದ ಚಿತ್ರವಾಗಿಸಿತು. 2025ರ ಜುಲೈ 25ರಂದು ಬಂದ ‘ಸು ಫ್ರಮ್ ಸೋ’ ದೊಡ್ಡ ತಾರೆಯಿಲ್ಲದ, ಕರಾವಳಿಯ ಹಳ್ಳಿಯೊಂದರ ಹಾಸ್ಯಕತೆ. ನೋಡಿದವರ ಮಾತು ಹಬ್ಬಿದಂತೆ ಪ್ರದರ್ಶನಗಳು ಏರಿ ಆ ವರ್ಷದ ಬಹುದೊಡ್ಡ ಗೆಲುವುಗಳಲ್ಲಿ ಒಂದಾಯಿತು. ಈ ನಾಲ್ಕೂ ಚಿತ್ರಗಳ ಹಣೆಬರಹ ಮೊದಲ ಶುಕ್ರವಾರ ತೀರ್ಮಾನವಾಗಿದ್ದರೆ ಇವುಗಳ ಹೆಸರು ಇಂದು ಯಾರ ಬಾಯಲ್ಲೂ ಇರುತ್ತಿರಲಿಲ್ಲ. ಚಿತ್ರಮಂದಿರದ ಮಾಲೀಕ ಭಾನುವಾರ ರಾತ್ರಿಯ ಗಲ್ಲಾಪೆಟ್ಟಿಗೆ ಎಣಿಸಿ ಮುಂದಿನ ವಾರ ಯಾವ ಚಿತ್ರಕ್ಕೆ ಎಷ್ಟು ಆಟ ಎಂದು ನಿರ್ಧರಿಸುತ್ತಾನೆ. ಶುಕ್ರವಾರ ಸಂಜೆಯೇ ಹರಿದಾಡಿದ ಲಿಂಕು ಶನಿವಾರ, ಭಾನುವಾರಗಳ ಸೀಟುಗಳಲ್ಲಿ ಹತ್ತಿಪ್ಪತ್ತನ್ನು ಖಾಲಿ ಮಾಡಿದರೂ ಸಾಕು, ಸಣ್ಣ ಚಿತ್ರ ಗೆರೆಯ ಕೆಳಗೆ ಜಾರುತ್ತದೆ. ಕಳೆದದ್ದು ಇಪ್ಪತ್ತು ಟಿಕೆಟ್. ಅದರ ಬೆನ್ನಿಗೆ ಹೋದದ್ದು ಇಡೀ ಎರಡನೆಯ ವಾರ.

ಹಸಿ ಹಣ್ಣಿನ ದರ ತಪ್ಪಿದರೆ ಒಣದ್ರಾಕ್ಷಿ ಇದೆಯಲ್ಲ ಎನ್ನಬಹುದು. ಕನ್ನಡಕ್ಕೆ ಆ ಶೆಡ್ಡಿನ ತಗಡೂ ಹಾರಿಹೋಗಿದೆ. ಒಂದು ಕಾಲಕ್ಕೆ ಸಣ್ಣ ಚಿತ್ರಗಳನ್ನೂ ಕೊಳ್ಳುತ್ತಿದ್ದ ಟಿ.ವಿ. ವಾಹಿನಿಗಳು ಕೈ ಹಿಂದೆಗೆದಿವೆ. ಒಟಿಟಿಗಳು ಚಿತ್ರಮಂದಿರದ ಗಳಿಕೆ ನೋಡಿ ದರ ಕಟ್ಟುತ್ತವೆ, ಇಲ್ಲವೇ ಮುಂಗಡ ಕೊಡದೆ ವೀಕ್ಷಣೆಯ ಲೆಕ್ಕದ ಮೇಲೆ ಪಾಲು ಕೊಡುತ್ತೇವೆನ್ನುತ್ತವೆ. ರಕ್ಷಿತ್ ಶೆಟ್ಟಿಯವರ ಪರಂವಃ ಸಂಸ್ಥೆಯಂಥ ಹೆಸರಾಂತ ಸಂಸ್ಥೆಯೇ ‘ಏಕಂ’ ಸರಣಿಯನ್ನು ಕೊಳ್ಳುವ ಒಟಿಟಿ ಸಿಗದೆ 2024ರ ಜುಲೈ 13ರಂದು ತನ್ನದೇ ಜಾಲತಾಣದಲ್ಲಿ ಬಿಡುಗಡೆ ಮಾಡಬೇಕಾಯಿತು. ಹೀಗಿರುವಾಗ ಕಳ್ಳಪ್ರತಿಯ ಏಟು ಎರಡು ಸಲ ಬೀಳುತ್ತದೆ. ಚಿತ್ರಮಂದಿರದ ಗಳಿಕೆ ಇಳಿದದ್ದು ಮೊದಲನೆಯದು, ಆ ಇಳಿದ ಗಳಿಕೆಯೇ ಆಧಾರವಾಗಿ ಹಕ್ಕಿನ ಬೆಲೆಯೂ ಇಳಿದದ್ದು ಎರಡನೆಯದು.

ದೊಡ್ಡವರು ಗೆದ್ದರಲ್ಲ ಎಂಬ ಮಾತು

ಇದಕ್ಕೆ ಬರುವ ಮೊದಲ ತಕರಾರು ಇದು: ಪೈರಸಿ ಅಷ್ಟು ಘಾತಕವಾಗಿದ್ದರೆ 2022ರ ಏಪ್ರಿಲ್ 14ರಂದು ಬಂದ ‘ಕೆಜಿಎಫ್ 2’ ಜಗತ್ತಿನಾದ್ಯಂತ 1,000 ಕೋಟಿ ದಾಟಿದ್ದು ಹೇಗೆ? ಅದೂ ಸೋರಿತ್ತಲ್ಲ? ನಿಜ. ಆದರೆ ಈ ಉದಾಹರಣೆ ತಕರಾರಿಗಿಂತ ವಾದವನ್ನೇ ಗಟ್ಟಿ ಮಾಡುತ್ತದೆ. ದೊಡ್ಡ ಚಿತ್ರ ಸಾವಿರಾರು ಪರದೆಗಳ ಮೇಲೆ ಒಮ್ಮೆಗೇ ಬಿದ್ದು ಮೊದಲ ಮೂರ್ನಾಲ್ಕು ದಿನಗಳಲ್ಲೇ ಸುಗ್ಗಿ ಮುಗಿಸುತ್ತದೆ. ಅದರ ನೋಡುಗ ತಾರೆಗಾಗಿ, ಗದ್ದಲಕ್ಕಾಗಿ, ಶಿಳ್ಳೆಗಾಗಿ ಬರುವವನು. ಅಂಗೈಯ ಪರದೆ ಅವನಿಗೆ ಸಾಲದು. ಸಂಕಟ ಬಂದರೆ ಪಾರಾಗುವ ದಾರಿಯೂ ದೊಡ್ಡ ಚಿತ್ರಕ್ಕಿದೆ. 2021ರ ಏಪ್ರಿಲ್ 1ರಂದು ಬಿಡುಗಡೆಯಾದ ‘ಯುವರತ್ನ’ಕ್ಕೆ ಕೋವಿಡ್ ಕಾರಣದಿಂದ ಅರ್ಧ ಸೀಟಿನ ನಿರ್ಬಂಧ ಬಿದ್ದಾಗ ಏಪ್ರಿಲ್ 9ಕ್ಕೇ ಅದು ಅಮೆಜಾನ್ ಪ್ರೈಮಿಗೆ ಹೋಗಲು ಸಾಧ್ಯವಾಯಿತು. ಹೆಸರಿಲ್ಲದ ಚಿತ್ರಕ್ಕೆ ಅಂಥ ಬಾಗಿಲು ಎಂಟು ದಿನದಲ್ಲಿ ತೆರೆಯುವುದಿಲ್ಲ. ಮಳೆ ಊರಿಗೆಲ್ಲ ಒಂದೇ, ಮುಳುಗುವುದು ತಗ್ಗಿನ ಮನೆ. ಹೀಗೆ ಮುಳುಗುತ್ತ ಹೋದಂತೆ ಹಣ ಹೂಡುವವರು ಸಣ್ಣ ಕತೆಗಳನ್ನು ಬಿಟ್ಟು ಗದ್ದಲದ ಚಿತ್ರಗಳಿಗಷ್ಟೇ ಕೈ ಹಾಕುತ್ತಾರೆ. ಪೈರಸಿ ಕನ್ನಡ ಚಿತ್ರರಂಗವನ್ನು ಕೊಲ್ಲಲಾರದು. ಅದರ ರುಚಿಯನ್ನು ಮಾತ್ರ ಒಂದೇ ಮಸಾಲೆಗೆ ಇಳಿಸಬಲ್ಲದು.

ಎರಡನೆಯ ತಕರಾರು, ಪೈರಸಿಯೂ ಪ್ರಚಾರವೇ ಎಂಬುದು. ಪುಕ್ಕಟೆ ನೋಡಿದವನೂ ಚೆನ್ನಾಗಿದೆ ಎಂದು ಹೇಳುತ್ತಾನಲ್ಲ, ಅದರಿಂದ ಲಾಭವಲ್ಲವೇ? ಆಗಬಹುದಿತ್ತು, ಆ ಮಾತು ಕೇಳಿದವನು ಟಿಕೆಟ್ ಕೌಂಟರಿನ ಕಡೆ ಹೊರಟಿದ್ದರೆ. ಕಳ್ಳಪ್ರತಿ ನೋಡಿದವನು ಹೊಗಳಿಕೆಯ ಜೊತೆಗೇ ಲಿಂಕನ್ನೂ ದಾಟಿಸುತ್ತಾನೆ. ಪ್ರಚಾರ ಮತ್ತು ಸರಕು ಒಂದೇ ಚೀಲದಲ್ಲಿ ಬಂದಾಗ ಅಂಗಡಿಗೆ ಹೋಗುವವರಾರು? ಇನ್ನು ಆ ಜಾಲತಾಣಗಳು ಸಿನಿಮಾ ಪ್ರೇಮದ ಸೇವಾಶ್ರಮಗಳೇನಲ್ಲ. ಅವುಗಳ ಆದಾಯ ಜಾಹೀರಾತಿನದು, ಅದರಲ್ಲಿ ಬೆಟ್ಟಿಂಗ್ ಆ್ಯಪ್‌ಗಳದು ದೊಡ್ಡ ಪಾಲು. 2025ರ ನವೆಂಬರಿನಲ್ಲಿ ಹೈದರಾಬಾದ್ ಪೊಲೀಸರು ‘ಐಬೊಮ್ಮ’ ಎಂಬ ತೆಲುಗು ಪೈರಸಿ ತಾಣ ನಡೆಸುತ್ತಿದ್ದ ಆರೋಪದ ಮೇಲೆ ಒಬ್ಬನನ್ನು ಬಂಧಿಸಿದಾಗ ಹೊರಬಂದ ಕತೆಯಲ್ಲೂ ಬೆಟ್ಟಿಂಗ್ ಆ್ಯಪ್‌ಗಳ ಹೆಸರಿತ್ತು. ಪುಕ್ಕಟೆ ಪಿಚ್ಚರಿನ ಬೆಲೆಯನ್ನು ಯಾರೋ ಒಬ್ಬರು ಕೊಡುತ್ತಲೇ ಇರುತ್ತಾರೆ, ಬಹಳ ಸಲ ಆ ಮನೆಯ ಹುಡುಗನೇ.

ಸಿಗದ ಕಡೆ ಕಳವು

ಮೂರನೆಯ ತಕರಾರು ನಿಜಕ್ಕೂ ಗಟ್ಟಿಯಾದದ್ದು, ಅದನ್ನು ತಳ್ಳಿಹಾಕುವುದು ಅನ್ಯಾಯ. ನ್ಯಾಯವಾಗಿ ನೋಡಲು ಸಿಗದಿದ್ದರೆ ಜನ ಏನು ಮಾಡಬೇಕು? ಬಬಲೇಶ್ವರದ ಕಡೆಯ ಹಳ್ಳಿಯೊಂದರ ನಾಲ್ವರ ಕುಟುಂಬ ಹೊಸ ಚಿತ್ರಕ್ಕೆಂದು ವಿಜಯಪುರಕ್ಕೆ ಬರುವುದೆಂದರೆ ಬಸ್ಸಿನ ಚಾರ್ಜು, ಟಿಕೆಟ್ಟು, ನಾಷ್ಟಾ, ಅರ್ಧ ದಿನದ ದುಡಿಮೆ. ಸೆಕೆಂಡ್ ಶೋ ಬಿಟ್ಟರೆ ಊರಿಗೆ ಮರಳಲು ಬಸ್ಸಿಲ್ಲ. ಬೆಂಗಳೂರಿನಲ್ಲಿ ತೆರೆ ಕಾಣುವ ಕನ್ನಡ ಚಿತ್ರಗಳಲ್ಲಿ ಅನೇಕವು ಕೃಷ್ಣೆ ದಾಟಿ ಈಚೆ ಬರುವುದೇ ಇಲ್ಲ. ಬಂದರೂ ಯಾರೂ ಹೋಗಲಾರದ ಹೊತ್ತಿನ ಒಂದು ಆಟ. ಟಿಕೆಟ್ ದರದ ಗೋಳು ಮುಖ್ಯವಾಗಿ ಮಲ್ಟಿಪ್ಲೆಕ್ಸ್ ನಗರಗಳದು. ಅದಕ್ಕೆಂದೇ ರಾಜ್ಯ ಸರಕಾರ 2025ರ ಸೆಪ್ಟೆಂಬರಿನಲ್ಲಿ 200 ರೂಪಾಯಿಯ ಮಿತಿ ಹಾಕಿತು, ಅದೇ ತಿಂಗಳು ಹೈಕೋರ್ಟ್ ಅದಕ್ಕೆ ತಡೆ ಕೊಟ್ಟಿತು. ಈ ಸೀಮೆಯ ಗೋಳು ದರಕ್ಕಿಂತ ದೂರದ್ದು. ಚಿತ್ರಮಂದಿರದಿಂದ ಹೋದ ಮೇಲೂ ಅದೇ ಕತೆ. ಒಟಿಟಿ ಕೊಳ್ಳದ ಚಿತ್ರವನ್ನು ದುಡ್ಡು ಕೊಟ್ಟು ನೋಡುತ್ತೇನೆಂದರೂ ನೋಡುವ ಜಾಗವಿಲ್ಲ. ಹೊರನಾಡಿನ ಕನ್ನಡಿಗರ ದೂರೂ ಇದೇ.

ಸಿಗದ ಕಡೆ ಕಳವು ಬೆಳೆಯುತ್ತದೆ ಎಂಬುದಕ್ಕೆ ಪುರಾವೆ ಇದೆ. ಅಮೆರಿಕದ ಎನ್‌ಬಿಸಿ ವಾಹಿನಿ 2007ರ ಡಿಸೆಂಬರಿನಲ್ಲಿ ತನ್ನ ಕಾರ್ಯಕ್ರಮಗಳನ್ನು ಐಟ್ಯೂನ್ಸ್ ಮಳಿಗೆಯಿಂದ ಹಿಂತೆಗೆದುಕೊಂಡಿತು. ಆ ಕಾರ್ಯಕ್ರಮಗಳ ಕಳ್ಳಪ್ರತಿಗಳಿಗೆ ಬೇಡಿಕೆ ಶೇ 11ಕ್ಕೂ ಹೆಚ್ಚು ಏರಿತೆಂದು ಸಂಶೋಧಕರು ಲೆಕ್ಕ ಹಾಕಿದರು. ಅಂಗಡಿ ಮುಚ್ಚಿದಾಗ ನಿನ್ನೆಯ ಗಿರಾಕಿ ಇಂದಿನ ಕಳ್ಳನಾದ. ಕನ್ನಡದಲ್ಲೇ ಇದರ ತಿರುವಿನ ಉದಾಹರಣೆಯೂ ಇದೆ. 2013ರಲ್ಲಿ ತೆರೆ ಕಂಡ ‘ಲೂಸಿಯಾ’ ಚಿತ್ರಕ್ಕೆ ನಿರ್ಮಾಪಕರು ಸಿಗದಾಗ ನಿರ್ದೇಶಕ ಪವನ್ ಕುಮಾರ್ ಜನರನ್ನೇ ಕೇಳಿದ್ದರು. 27 ದಿನಗಳಲ್ಲಿ 110 ಮಂದಿ ಸೇರಿ 51 ಲಕ್ಷ ರೂಪಾಯಿ ಕೂಡಿಸಿಕೊಟ್ಟರು. ಕೊಡುವ ಮನಸ್ಸಿಗೆ ಬರವಿಲ್ಲ, ಕೊಡುವ ಕಿಟಕಿ ಎಲ್ಲಿದೆ ಎಂದು ತೋರಿಸುವವರು ಬೇಕು. ಆದ್ದರಿಂದ ಈ ತಕರಾರನ್ನು ಅರ್ಧ ಒಪ್ಪಬೇಕು: ಒಂದೂ ಆಟ ಕಾಣದ ಊರಿನವನನ್ನು ಕಳ್ಳನೆಂದು ಬೈಯುವ ನೈತಿಕ ಹಕ್ಕು ಚಿತ್ರರಂಗಕ್ಕಿಲ್ಲ. ಒಪ್ಪಬಾರದ ಅರ್ಧ ಯಾವುದೆಂದರೆ, ಬಿಡುಗಡೆಯ ದಿನವೇ ಹರಿದಾಡುವ ಲಿಂಕಿಗೆ ಈ ನೆಪ ಹೊಂದುವುದಿಲ್ಲ. ಚಿತ್ರ ಊರಿಗೆ ಬಂತೋ ಇಲ್ಲವೋ ಎಂದು ನೋಡುವ ಮೊದಲೇ ಆ ಲಿಂಕು ತೆರೆದಿರುತ್ತದೆ, ಚಿತ್ರಮಂದಿರದ ಎದುರು ಓಣಿಯಲ್ಲಿ ಕೂತವನ ಮೊಬೈಲಿನಲ್ಲೂ.

ನಾಲ್ಕನೆಯ ಮಾತು ತಕರಾರಿಗಿಂತ ಹೆಚ್ಚಾಗಿ ಸಂಸ್ಕಾರದ್ದು. ಹಂಚಿದಷ್ಟೂ ಹೆಚ್ಚುವುದು ವಿದ್ಯೆ ಎಂದು ನಂಬಿದ ನೆಲ ಇದು. ವಚನ, ತತ್ವಪದ, ಜನಪದ ಹಾಡುಗಳಿಗೆ ಇಲ್ಲಿ ಯಾರೂ ಬೀಗ ಹಾಕಲಿಲ್ಲ. ಜ್ಞಾನಯೋಗಾಶ್ರಮದ ಸಿದ್ಧೇಶ್ವರ ಸ್ವಾಮೀಜಿಯವರ ಪ್ರವಚನಗಳು ಕೈಯಿಂದ ಕೈಗೆ ದಾಟಿ ಮನೆಮನೆ ಸೇರಿದವು, 2023ರ ಜನವರಿಯಲ್ಲಿ ಅವರು ತೀರಿಕೊಂಡ ಮೇಲೂ ಸೇರುತ್ತಲೇ ಇವೆ. ನಕಲು ಮಾಡುವುದು ಪಾಪವೆಂದು ಇಲ್ಲಿಯವರಿಗೆ ಅನ್ನಿಸದಿದ್ದರೆ ಅದರ ಹಿಂದೆ ಈ ಒಳ್ಳೆಯ ಪರಂಪರೆಯೂ ಇದೆ. ಆದರೆ ದಾನಕ್ಕೂ ಕಳವಿಗೂ ನಡುವೆ ಇರುವ ಗೆರೆ ಒಂದೇ, ಕೊಟ್ಟವರು ಯಾರು ಎಂಬುದು. ಸ್ವಾಮೀಜಿ ಕೊಟ್ಟರು, ಜನ ತೆಗೆದುಕೊಂಡರು. ಇದೇ ವಿಜಯಪುರದ ಫ.ಗು. ಹಳಕಟ್ಟಿಯವರೂ ನಕಲಿನ ಕೆಲಸವನ್ನೇ ಮಾಡಿದವರು. ಊರೂರು ಅಲೆದು ತಾಳೆಗರಿಗಳಿಂದ ವಚನಗಳನ್ನು ಪ್ರತಿ ಮಾಡಿ, 1923ರಲ್ಲಿ ‘ವಚನಶಾಸ್ತ್ರಸಾರ’ ತಂದು, 1925ರಲ್ಲಿ ಹಿತಚಿಂತಕ ಮುದ್ರಣಾಲಯ ತೆರೆದು, 1926ರಿಂದ ‘ಶಿವಾನುಭವ’ ನಡೆಸಿದರು. ಅದಕ್ಕಾಗಿ ಮನೆಯನ್ನೇ ಮಾರಿಕೊಂಡರು. ಅವರ ನಕಲಿನಿಂದ ಕಳೆದುಹೋಗುತ್ತಿದ್ದದ್ದು ಉಳಿಯಿತು. ನಕಲಿನ ಖರ್ಚನ್ನು ನಕಲು ಮಾಡಿದವರೇ ಹೊತ್ತರು. ಇಂದಿನ ಕಳ್ಳಪ್ರತಿ ಇದರ ತದ್ವಿರುದ್ಧ. ಖರ್ಚು ಮಾಡಿದವನು ಒಬ್ಬ, ಬಾಚಿಕೊಂಡವನು ಇನ್ನೊಬ್ಬ. ಉಳಿಯಬೇಕಾದದ್ದು ಅದರಿಂದ ಉಳಿಯುವುದೂ ಇಲ್ಲ. ನಡುಗುವ ಕ್ಯಾಮರಾದಲ್ಲಿ ಕದ್ದ ಪ್ರತಿಗೆ ಪುರಾತನ ಗ್ರಂಥದ ಗೌರವ ಕೊಡಲಾಗದು.

ನಲವತ್ತೆಂಟು ಗಂಟೆಯ ಕಾನೂನು

ಕಾನೂನು ಸುಮ್ಮನಿದೆ ಎನ್ನುವಂತಿಲ್ಲ. 1957ರ ಹಕ್ಕುಸ್ವಾಮ್ಯ ಕಾಯ್ದೆಯಲ್ಲೇ ಜೈಲುಶಿಕ್ಷೆಯಿದೆ. ಕರ್ನಾಟಕ 2014ರಲ್ಲಿ ಗೂಂಡಾ ಕಾಯ್ದೆಯನ್ನು ತಿದ್ದಿ ವಿಡಿಯೊ, ಆಡಿಯೊ ಪೈರಸಿ ಮಾಡುವವರನ್ನೂ ಅದರಡಿ ತಂದಿತು. 2019ರ ಏಪ್ರಿಲಿನಲ್ಲಿ ದೆಹಲಿ ಹೈಕೋರ್ಟ್, ಹೆಸರು ಬದಲಿಸಿ ಬರುವ ತಾಣಗಳನ್ನೂ ಮರುದಾವೆಯ ಗೋಜಿಲ್ಲದೆ ತಡೆಯಬಹುದಾದ ‘ಡೈನಾಮಿಕ್ ಇಂಜಂಕ್ಷನ್’ಗೆ ದಾರಿ ಮಾಡಿತು. 2023ರ ಸಿನಿಮಾಟೊಗ್ರಾಫ್ ತಿದ್ದುಪಡಿ ಚಿತ್ರಮಂದಿರದಲ್ಲಿ ಕದ್ದು ಚಿತ್ರೀಕರಿಸುವುದನ್ನು ಪ್ರತ್ಯೇಕ ಅಪರಾಧವಾಗಿಸಿ, ಮೂರು ತಿಂಗಳಿಂದ ಮೂರು ವರ್ಷ ಜೈಲು, 3 ಲಕ್ಷದಿಂದ ಹಿಡಿದು ಚಿತ್ರದ ನಿರ್ಮಾಣ ವೆಚ್ಚದ ಶೇ 5ರವರೆಗೆ ದಂಡ ವಿಧಿಸಿತು. ಅದೇ ವರ್ಷದ ನವೆಂಬರಿನಲ್ಲಿ ಕೇಂದ್ರ ಸರಕಾರ 12 ನೋಡಲ್ ಅಧಿಕಾರಿಗಳನ್ನು ನೇಮಿಸಿ, ದೂರು ಬಂದ 48 ಗಂಟೆಯೊಳಗೆ ಕಳ್ಳಪ್ರತಿ ತೆಗೆಸುವ ವ್ಯವಸ್ಥೆ ಮಾಡಿತು. ಕೇಳಲು ಚುರುಕಾಗಿಯೇ ಇದೆ. ಆದರೆ ಎರಡನೆಯ ವಾರದ ಕಣ್ಣಿನಿಂದ ನೋಡಿ: ಶುಕ್ರವಾರ ರಾತ್ರಿ ದೂರು ಕೊಟ್ಟರೆ 48 ಗಂಟೆ ಮುಗಿಯುವುದು ಭಾನುವಾರ ರಾತ್ರಿ. ಮಾಲೀಕ ಗಲ್ಲಾಪೆಟ್ಟಿಗೆ ಎಣಿಸಿ ಮುಗಿಸಿರುತ್ತಾನೆ. ಸಣ್ಣ ಚಿತ್ರದ ಹಣೆಬರಹ ಬರೆದಾದ ಮೇಲೆ ಕಾನೂನಿನ ಕೈ ಲಿಂಕನ್ನು ತಲುಪುತ್ತದೆ. ಜೊತೆಗೆ ಕೋರ್ಟಿನ ಮುಂಗಡ ತಡೆಯಾಜ್ಞೆ, ಲಿಂಕು ಹುಡುಕಿ ತೆಗೆಸುವ ಖಾಸಗಿ ಏಜೆನ್ಸಿ, ಇವೆಲ್ಲ ದುಡ್ಡಿದ್ದವರ ಆಟ. ತೀರ ರಕ್ಷಣೆ ಬೇಕಾದ ಚಿತ್ರಕ್ಕೇ ರಕ್ಷಣೆ ದುಬಾರಿ. ಡಿಜಿಟಲ್ ಪ್ರೊಜೆಕ್ಷನ್ನಿನ ಪ್ರತಿ ಚೌಕಟ್ಟಿನಲ್ಲಿ ಕಣ್ಣಿಗೆ ಕಾಣದ ಗುರುತು ಇರುವುದರಿಂದ ಕದ್ದದ್ದು ಯಾವ ಚಿತ್ರಮಂದಿರದಲ್ಲಿ, ಯಾವ ಆಟದಲ್ಲಿ ಎಂದು ಪತ್ತೆ ಹಚ್ಚಬಹುದು. ಅದು ಕಳ್ಳನನ್ನು ಹಿಡಿದುಕೊಡಬಹುದು, ಕಳೆದ ವಾರವನ್ನು ತಂದುಕೊಡಲಾರದು.

ಹಾಗಾದರೆ ಮಾಡಬೇಕಾದದ್ದೇನು? ರೋಗ ಹೊತ್ತಿನದಾದ್ದರಿಂದ ಮದ್ದೂ ಹೊತ್ತಿನದೇ ಆಗಬೇಕು. 1944ರಿಂದ ಇರುವ ಕರ್ನಾಟಕ ಚಲನಚಿತ್ರ ವಾಣಿಜ್ಯ ಮಂಡಳಿ, ಯಾವ ನಿರ್ಮಾಪಕನದೆಂದು ನೋಡದೆ ಪ್ರತಿ ಕನ್ನಡ ಚಿತ್ರದ ಮೊದಲ ಹದಿನೈದು ದಿನ ಹಗಲಿರುಳು ಲಿಂಕು ಹುಡುಕಿ ತೆಗೆಸುವ ಒಂದು ಸಾಮಾನ್ಯ ಘಟಕ ನಡೆಸಬೇಕು. ದೊಡ್ಡವರು ಹೆಚ್ಚು, ಸಣ್ಣವರು ಕಡಿಮೆ ವಂತಿಗೆ ಕೊಡಲಿ. ಸರಕಾರ ಆ 48 ಗಂಟೆಯನ್ನು ಬಿಡುಗಡೆಯ ವಾರದ ಮಟ್ಟಿಗಾದರೂ ಕೆಲವು ಗಂಟೆಗಳಿಗೆ ಇಳಿಸಬೇಕು. ತಾಲ್ಲೂಕಿಗೊಂದು ಸಣ್ಣ ಜನತಾ ಚಿತ್ರಮಂದಿರದ ಮಾತು ಈ ರಾಜ್ಯದಲ್ಲಿ ಹಳೆಯದು. ತಿಕೋಟಾ, ಬಬಲೇಶ್ವರಗಳು ಈಗ ತಾಲ್ಲೂಕು ಕೇಂದ್ರಗಳು, ಆ ಮಾತು ಉಳಿಸಿಕೊಳ್ಳಲು ಇಂಥ ಊರುಗಳೇ ತಕ್ಕ ಜಾಗ. ಸಂಕ್ರಮಣದ ಸಿದ್ಧೇಶ್ವರ ಜಾತ್ರೆಗೆ ನಾಟಕ ಕಂಪನಿಗಳು ಡೇರೆ ಹಾಕಿದರೆ ಇಂದಿಗೂ ಜನ ಟಿಕೆಟ್ ತೆಗೆದುಕೊಂಡು ಕೂರುತ್ತಾರೆ. ನೋಡುವ ಹುರುಪು ಬತ್ತಿಲ್ಲ, ನೋಡುವ ಜಾಗ ಜನರ ಹತ್ತಿರ ಬರಬೇಕು. ಇನ್ನು 2025ರ ಮಾರ್ಚ್ ಬಜೆಟ್ಟಿನಲ್ಲಿ ರಾಜ್ಯ ಸರಕಾರ ಘೋಷಿಸಿದ ಕನ್ನಡದ ಒಟಿಟಿ ವೇದಿಕೆ ಕಾರ್ಯರೂಪಕ್ಕೆ ಬಂದರೆ, ಅದು ದೊಡ್ಡ ಚಿತ್ರಗಳ ಬೆನ್ನು ಹತ್ತದೆ, ಬೇರೆ ಒಟಿಟಿ ಕೊಳ್ಳದ ಚಿತ್ರವನ್ನು ಚಿತ್ರಮಂದಿರದಿಂದ ಇಳಿದ ತಕ್ಷಣ ಇಪ್ಪತ್ತು ಮೂವತ್ತು ರೂಪಾಯಿಗೆ ಒಂದು ಸಲ ನೋಡಲು ಕೊಡುವ ಅಂಗಡಿಯಾಗಲಿ. ನ್ಯಾಯದ ದಾರಿ ಕಳ್ಳದಾರಿಯಷ್ಟೇ ಹತ್ತಿರವಿದ್ದರೆ ಬಹುಪಾಲು ಜನ ನ್ಯಾಯದ ದಾರಿಯಲ್ಲೇ ನಡೆಯುತ್ತಾರೆ.

ಇದೆಲ್ಲ ಆಗುವವರೆಗೆ ಓದುಗರ ಕೈಯಲ್ಲಿರುವುದು ಒಂದು ಸಣ್ಣ ಕೆಲಸ. ಪ್ರತಿ ಕನ್ನಡ ಚಿತ್ರಕ್ಕೂ ಟಿಕೆಟ್ ಕೊಂಡು ಹೋಗಿ ಎಂದು ಕೇಳುವುದು ನ್ಯಾಯವಲ್ಲ, ಕೆಟ್ಟ ಚಿತ್ರವನ್ನು ಭಾಷೆಯ ಹೆಸರಿನಲ್ಲಿ ಹೊತ್ತು ತಿರುಗಿ ಎಂದು ಕೇಳುವುದಂತೂ ಸಲ್ಲದು. ಕೇಳುವುದು ಇಷ್ಟೇ: ಗುಂಪಿನಲ್ಲಿ ಹೊಸ ಚಿತ್ರದ ಲಿಂಕು ಬಂದಾಗ ಅದನ್ನು ಮುಂದಕ್ಕೆ ತಳ್ಳಬೇಡಿ. ಹೋಗಲಾಗದಿದ್ದರೆ ಹದಿನೈದು ದಿನ ಕಾಯಿರಿ. ಈ ಸೀಮೆಯಲ್ಲಿ ಹಸಿ ದ್ರಾಕ್ಷಿ ಒಣದ್ರಾಕ್ಷಿಯಾಗಲು ಹಿಡಿಯುವುದೂ ಅಷ್ಟೇ ದಿನ. ಆ ಹದಿನೈದು ದಿನ ಶೆಡ್ಡಿನ ಹಣ್ಣಿಗೆ ಯಾರೂ ಕೈ ಹಾಕುವುದಿಲ್ಲ.